ಒಂದು ದೀರ್ಘದ ಅಂತರ

ಮೂರನೆಯ ತರಗತಿಯಲ್ಲಿ ಓದುವ ನನ್ನ ಮೊಮ್ಮಗ ಹೋದ ತಿಂಗಳು ಒಂದು ಸಂಜೆ ಕನ್ನಡ ನೋಟ್ ಪುಸ್ತಕ ಹಿಡಿದುಕೊಂಡು ಬಂದು ನನ್ನ ಪಕ್ಕ ಕುಳಿತ. 'ನನ್ನ ಹೆಸರು' ಎಂಬ ವಿಷಯದ ಮೇಲೆ ಐದು ವಾಕ್ಯ ಬರೆದುಕೊಂಡು ಬರಲು ಅವರ ಮಿಸ್ ಹೇಳಿದ್ದರಂತೆ. ಮೂರು ವಾಕ್ಯ ಆಗಲೇ ಬರೆದಾಗಿತ್ತು. ನಾಲ್ಕನೆಯದರ ಹತ್ತಿರ ಪೆನ್ಸಿಲು ನಿಂತಿತ್ತು.

"ತಾತ, ಆರವ್ ಅಂದ್ರೆ ಪೀಸ್‌ಫುಲ್ ಅಲ್ವಾ?"

ಅಡುಗೆಮನೆಯಲ್ಲಿ ಸೊಸೆ ಹುರುಳಿಕಾಯಿ ಹೆಚ್ಚುತ್ತಿದ್ದ ಸದ್ದು ನಿಂತಿತು. ಎಂಟು ವರ್ಷದಿಂದ ನಮ್ಮ ಮನೆಯಲ್ಲಿ ಯಾರೂ ಎತ್ತದೆ ಬಿಟ್ಟಿದ್ದ ಮಾತು ಅದು. ಹಾಗಾಗಲು ಕಾರಣ ನಾನೇ.

ಮಗು ಹುಟ್ಟಿದ್ದು ಕೃತ್ತಿಕಾ ನಕ್ಷತ್ರದ ಮೊದಲ ಪಾದದಲ್ಲಿ. ಪಂಚಾಂಗದ ಪ್ರಕಾರ ಆ ಪಾದಕ್ಕೆ ಬರುವ ಅಕ್ಷರ 'ಅ'. ನಮ್ಮ ತಂದೆಯವರ ಹೆಸರೂ ಅಕಾರದಿಂದಲೇ ಶುರುವಾಗುತ್ತಿತ್ತು. ತಾತ, ಮುತ್ತಾತಂದಿರ ಹೆಸರನ್ನು ಮಕ್ಕಳಿಗೆ ಇಡುವುದು ನಮ್ಮಲ್ಲಿ ನಡೆದುಬಂದ ಪದ್ಧತಿ. ಹಾಗಾಗಿ ಹೆಸರಿನ ವಿಷಯ ಮುಗಿದಂತೆಯೇ ಎಂದು ನಾನು ನೆಮ್ಮದಿಯಾಗಿದ್ದೆ. ನಾಮಕರಣದ ದಿನ ಮಗ ಹರಿವಾಣದ ಅಕ್ಕಿಯ ಮೇಲೆ ಉಂಗುರದಿಂದ ಬರೆದದ್ದು ನೋಡಿದರೆ 'ಆರವ್'! ಮೊಬೈಲಿನ ಯಾವುದೋ ಪಟ್ಟಿಯಲ್ಲಿ ಸಿಕ್ಕಿತಂತೆ. "ಶಾಂತ ಸ್ವಭಾವದವನು ಅಂತ ಅರ್ಥ ಮಾವ" ಎಂದು ಸೊಸೆ ಸಂಭ್ರಮದಿಂದ ಹೇಳಿದಳು. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಕನ್ನಡ ಪಾಠ ಹೇಳಿದ ನಾಲಿಗೆ ಸುಮ್ಮನಿರಬೇಕಲ್ಲ! "ಶಾಂತಿಯೂ ಇಲ್ಲ, ಮಣ್ಣೂ ಇಲ್ಲ. ಆರವ ಅಂದರೆ ಗದ್ದಲ" ಎಂದುಬಿಟ್ಟೆ. ಬಂದವರಲ್ಲಿ ಯಾರೋ ಕಿಸಕ್ಕನೆ ನಕ್ಕರು. ಸೊಸೆ ಮಗುವನ್ನೆತ್ತಿಕೊಂಡು ಒಳಗೆ ಹೋದಳು.

ನಾನು ಹೇಳಿದ್ದು ಸುಳ್ಳೇನೂ ಆಗಿರಲಿಲ್ಲ. ಸಂಸ್ಕೃತದಲ್ಲಿ 'ರು' ಎಂಬ ಧಾತುವಿಗೆ ಸದ್ದು ಮಾಡು, ಕೂಗು ಎಂದು ಅರ್ಥ. ಅದರಿಂದ 'ರವ' ಬಂತು. ಹಕ್ಕಿಗಳ ಕಲರವ ನಮಗೆಲ್ಲ ಗೊತ್ತಿರುವ ಮಾತೇ. ಸದ್ದಿಲ್ಲದ್ದು ನೀರವ. ಧಾತುವಿನ ಹಿಂದೆ 'ಆ' ಎಂಬ ಉಪಸರ್ಗ ಸೇರಿದರೆ ಆರವ. ಅಮರಕೋಶದಲ್ಲಿ ಶಬ್ದಕ್ಕೆ ಕೊಟ್ಟಿರುವ ಹೆಸರುಗಳ ಸಾಲಿನಲ್ಲಿ ನಿನಾದ, ಧ್ವನಿ, ನಿರ್ಘೋಷಗಳ ಜೊತೆ ಇದೂ ಇದೆ. ಆರವ, ಆರಾವ ಎರಡು ರೂಪವೂ ಸರಿ ಎನ್ನುವುದಕ್ಕೆ ಪಾಣಿನಿಯ ಸೂತ್ರವೇ ಇದೆ. ರಾವಣನೂ ಇದೇ ಧಾತುವಿನ ಮನೆತನದವನು. ಕೈಲಾಸವನ್ನು ಎತ್ತಲು ಹೋದಾಗ ಶಿವ ಕಾಲ್ಬೆರಳಿನಿಂದ ಬೆಟ್ಟವನ್ನು ಅದುಮಿದ. ಕೈ ಸಿಕ್ಕಿಕೊಂಡ ದಶಕಂಠನ ಕೂಗಿಗೆ ಮೂರು ಲೋಕವೂ ನಡುಗಿತು. ಆ ಕೂಗಿನಿಂದಲೇ ಅವನಿಗೆ ರಾವಣ ಎಂಬ ಹೆಸರು ಬಂತು ಎಂದು ವಾಲ್ಮೀಕಿ ರಾಮಾಯಣದ ಉತ್ತರಕಾಂಡ ಹೇಳುತ್ತದೆ. ಶಾಲೆಯ ಪ್ರವಾಸದಲ್ಲಿ ಹಳೇಬೀಡಿಗೆ ಹೋದ ಮಕ್ಕಳು ಹೊಯ್ಸಳೇಶ್ವರ ದೇವಾಲಯದ ಗೋಡೆಯ ಮೇಲೆ ಕೈಲಾಸ ಎತ್ತುತ್ತಿರುವ ರಾವಣನನ್ನು ನೋಡಿರಬಹುದು.

ಹಾಗಾದರೆ ಪಟ್ಟಿಗೆ 'ಶಾಂತ' ಎಲ್ಲಿಂದ ಬಂತು? ನನಗೆ ತೋರುವ ಕಾರಣ ಇಷ್ಟೆ. ಇಂಗ್ಲಿಷ್ ಅಕ್ಷರದಲ್ಲಿ ಬರೆದ ಹೆಸರನ್ನು ಅಕಾರದಿಂದಲೂ ಓದಬಹುದು, ಆಕಾರದಿಂದಲೂ ಓದಬಹುದು. ಹ್ರಸ್ವವಾದರೆ 'ಅರವ', ಅಂದರೆ ರವವಿಲ್ಲದ್ದು, ನಿಶ್ಶಬ್ದ. ದೀರ್ಘವಾದರೆ 'ಆರವ', ಅಂದರೆ ಕೂಗು. ಒಂದರ ಅರ್ಥ ಇನ್ನೊಂದಕ್ಕೆ ಅಂಟಿಕೊಂಡಿರಬೇಕು. ಕನ್ನಡದಲ್ಲಿ ಬರೆದು ನೋಡಿದ್ದರೆ ಈ ಗೊಂದಲಕ್ಕೆ ಎಡೆಯೇ ಇರುತ್ತಿರಲಿಲ್ಲ. ನಮ್ಮ ಲಿಪಿಯಲ್ಲಿ ಒಂದು ದೀರ್ಘಕ್ಕೆ ಅಷ್ಟು ಬೆಲೆ.

ಕೊನೆಯ ಅಕಾರವನ್ನು ಕತ್ತರಿಸಿ 'ಆರವ್' ಎನ್ನುವುದು ಹಿಂದಿಯ ರೂಢಿ. ಹಿಂದಿ ಚಿತ್ರನಟ ಅಕ್ಷಯ್ ಕುಮಾರ್ 2002ರಲ್ಲಿ ಹುಟ್ಟಿದ ಮಗನಿಗೆ ಈ ಹೆಸರಿಟ್ಟರು. ಈಗ ನಮ್ಮ ಬೀದಿಯಲ್ಲೇ ಇಬ್ಬರು ಆರವ್‌ಗಳಿದ್ದಾರೆ. ಹೆಸರಿಡುವವರ ತಲೆನೋವು ಮಾತ್ರ ಹೊಸದಲ್ಲ. ಎರಡು ಸಾವಿರ ವರ್ಷಕ್ಕೂ ಹಿಂದೆ ಮಹಾಭಾಷ್ಯ ಬರೆದ ಪತಂಜಲಿ, ವ್ಯಾಕರಣ ಏಕೆ ಓದಬೇಕು ಎನ್ನುವುದಕ್ಕೆ ಕೊಟ್ಟ ಕಾರಣಗಳಲ್ಲಿ ಮಗನಿಗೆ ಹೆಸರಿಡುವುದೂ ಒಂದು. ಹೆಸರಿನ ನಡುವೆ ಯ, ರ, ಲ, ವ ಇವುಗಳಲ್ಲೊಂದು ಇರಬೇಕು, ಎರಡೋ ನಾಲ್ಕೋ ಅಕ್ಷರವಿರಬೇಕು, ಕೃದಂತವಾಗಿರಬೇಕು, ತದ್ಧಿತಾಂತ ಆಗಬಾರದು ಎಂಬ ಹಿಂದಿನವರ ನಿಯಮಗಳನ್ನು ಹೇಳಿ, ವ್ಯಾಕರಣ ತಿಳಿಯದವನಿಗೆ ಇದೆಲ್ಲ ಹೇಗೆ ಗೊತ್ತಾಗಬೇಕು ಎನ್ನುತ್ತಾನೆ. ಆರವದ ನಡುವೆ 'ರ' ಇದೆ. ಅದು ಧಾತುವಿನಿಂದ ನೇರವಾಗಿ ಹುಟ್ಟಿದ ಕೃದಂತವೂ ಹೌದು. ಅಕ್ಷರ ಮಾತ್ರ ಮೂರು. ಬಾಲ ಕತ್ತರಿಸಿದ 'ಆರವ್' ಎರಡೇ ಉಸಿರಿಗೆ ಮುಗಿಯುವುದರಿಂದ ಪತಂಜಲಿ ಒಪ್ಪಿಕೊಳ್ಳುತ್ತಿದ್ದನೋ ಏನೋ!

ಇಷ್ಟೆಲ್ಲ ಗೊತ್ತಿದ್ದ ನಾನು ಆ ದಿನ ಬಾಯಿಬಿಟ್ಟದ್ದು ವ್ಯಾಕರಣದ ಮೇಲಿನ ಪ್ರೀತಿಯಿಂದ ಅಲ್ಲ. ಅಪ್ಪನ ಹೆಸರು ಇಡಲಿಲ್ಲವಲ್ಲ ಎಂಬ ಉರಿ ಅದು. ನಿಜವಾದ ಮಾತನ್ನೇ ಕಲ್ಲಿನ ಹಾಗೆ ಬೀಸಿದ್ದೆ. ಈಗ ಮಗು ಕೇಳುತ್ತಿದೆ. ಹೌದಪ್ಪ, ಶಾಂತಿ ಅಂತಲೇ ಅರ್ಥ ಎಂದರೆ ಮನೆಯಲ್ಲಿ ಶಾಂತಿ ಉಳಿಯುತ್ತದೆ. ಆದರೆ ನಾಳೆ ಅವನು ತಾನಾಗಿ ಕೋಶ ತೆರೆದಾಗ ತಾತ ಸುಳ್ಳು ಹೇಳಿದ್ದು ಗೊತ್ತಾಗುತ್ತದೆ.

ಬೀರುವಿನಿಂದ ಮೋನಿಯರ್ ವಿಲಿಯಮ್ಸನ 1899ರ ಸಂಸ್ಕೃತ-ಇಂಗ್ಲಿಷ್ ಕೋಶ ತೆಗೆಸಿ, ಪುಟ ಹುಡುಕಿ ಅವನಿಗೇ ಓದಲು ಹೇಳಿದೆ. ಬೆರಳಿಟ್ಟು ಓದಿದ. "ಕ್ರೈ... ಹೌಲಿಂಗ್... ನಾಯ್ಸ್." ಮುಖ ಸಣ್ಣಗಾಯಿತು. "ಹೌಲಿಂಗ್ ಅಂದ್ರೆ ತೋಳ ಊಳಿಡೋದಲ್ವಾ ತಾತ?"

ಅವನನ್ನು ತೊಡೆಯ ಹತ್ತಿರಕ್ಕೆ ಎಳೆದುಕೊಂಡೆ. "ನೀನು ಹುಟ್ಟಿದ ರಾತ್ರಿ ನಾನೂ ಅಜ್ಜಿಯೂ ನಿಮ್ಮಪ್ಪನೂ ಹೆರಿಗೆ ವಾರ್ಡಿನ ಬಾಗಿಲ ಹೊರಗೆ ನಿಂತಿದ್ದೆವು. ಮಗು ಹುಟ್ಟಿತು ಎಂದು ನರ್ಸಮ್ಮ ಹೇಳಿ ಒಳಗೆ ಓಡಿದರು. ಆದರೆ ಅಳು ಕೇಳಲಿಲ್ಲ. ಒಳಗೆ ಏನೂ ಸದ್ದಿಲ್ಲ. ನಿಮ್ಮಜ್ಜಿ ನನ್ನ ಕೈ ಹಿಡಿದುಕೊಂಡವಳು ಬಿಡಲೇ ಇಲ್ಲ. ಅಂಥ ಶಾಂತಿ ಯಾವ ಶತ್ರುವಿಗೂ ಬೇಡ ಕಂದ. ಎಷ್ಟೋ ಹೊತ್ತಿನ ಮೇಲೆ ಒಂದು ಕೂಗು ಕೇಳಿಸಿತು ನೋಡು, ಇಡೀ ವರಾಂಡಕ್ಕೆ ಕೇಳುವ ಹಾಗೆ. ಅದು ಆರವ."

ಅಡುಗೆಮನೆಯ ಬಾಗಿಲಲ್ಲಿ ಸೊಸೆ ನಿಂತಿದ್ದಳು. ಕಣ್ಣು ಒದ್ದೆಯಾಗಿತ್ತು. "ಇದನ್ನ ಅವತ್ತೇ ಹೇಳಬಹುದಿತ್ತಲ್ಲ ಮಾವ" ಎಂದಳು. "ತಪ್ಪಾಯಿತಮ್ಮ" ಎಂದೆ. ಎಂಟು ವರ್ಷ ತಡವಾಗಿ.

ಮಗುವಿಗೆ ಹೆಸರು ಹುಡುಕುತ್ತಿರುವ ತಂದೆತಾಯಿಗಳಿಗೆ ನನ್ನದೊಂದು ಸಣ್ಣ ಸಲಹೆ. ಹೆಸರನ್ನು ಮೊದಲು ಕನ್ನಡದಲ್ಲಿ ಬರೆದು ನೋಡಿ. ಆಮೇಲೆ ಒಂದು ಒಳ್ಳೆಯ ಕೋಶ ತೆರೆಯಿರಿ, ಇಲ್ಲವೇ ಬಲ್ಲವರನ್ನು ಕೇಳಿ. ಆಗಲೇ ಇಟ್ಟಾಗಿದ್ದರೆ ಅರ್ಥ ಬೇರೆಯಾಯಿತೆಂದು ಹೆದರಬೇಕಿಲ್ಲ. ಇದ್ದ ಅರ್ಥವನ್ನೇ ಮಗುವಿಗೆ ಅಕ್ಕರೆಯಿಂದ ಹೇಳಿ. ನನ್ನಂಥ ತಾತಂದಿರು ನಾಮಕರಣದ ದಿನ ಬಾಯಿ ತುಂಬ ಹೋಳಿಗೆ ಇಟ್ಟುಕೊಂಡಿದ್ದರೆ ಒಳ್ಳೆಯದು.

ಮೊಮ್ಮಗ ಉಳಿದ ಎರಡು ವಾಕ್ಯ ಬರೆದ. 'ಆರವ ಅಂದರೆ ನಾನು ಹುಟ್ಟಿದಾಗ ಮಾಡಿದ ಸದ್ದು. ಅದನ್ನು ನನ್ನ ತಾತ ಕೇಳಿದ್ದಾರೆ.' ಮರುದಿನ ಪುಸ್ತಕ ವಾಪಸು ಬಂದಾಗ ನಾಲ್ಕನೆಯ ವಾಕ್ಯದ ಪಕ್ಕ ಕೆಂಪು ಶಾಯಿಯಲ್ಲಿ ಒಂದು ಪ್ರಶ್ನೆಯ ಚಿಹ್ನೆ ಇತ್ತು. ಮಿಸ್‌ಗೆ ತೋರಿಸಬೇಕು, ಕೋಶವನ್ನು ಬ್ಯಾಗಿಗೆ ಹಾಕಿಕೊಡು ಎಂದು ಹಟ ಹಿಡಿದ. ಸಾವಿರಕ್ಕೂ ಮಿಕ್ಕಿದ ಪುಟಗಳ ಭಾರ ಆ ಪುಟ್ಟ ಬೆನ್ನಿಗೆ ಬೇಡವೆಂದು ಆ ಒಂದು ಪುಟದ ಜೆರಾಕ್ಸ್ ಮಾಡಿಸಿಕೊಟ್ಟೆ.