ಬೀಗರ ಊರಿನ ಕಲ್ಲುಗಳು

ನಾಗಪುರದಲ್ಲಿ ಮನೆ ಮಾಡಿದ ಕನ್ನಡಿಗನಿಗೆ ನೆಂಟರ ಸುಗ್ಗಿ ವರ್ಷಕ್ಕೆ ಎರಡು. ಚಳಿಗಾಲದಲ್ಲಿ ಬರುವವರು ಕಿತ್ತಳೆ ಹಣ್ಣು ಚೀಲ ತುಂಬಿಸಿಕೊಂಡು ತಣ್ಣಗೆ ಹೋಗಿಬಿಡುತ್ತಾರೆ. ಬೇಸಿಗೆ ರಜೆಯಲ್ಲಿ ಬರುವವರು ಮಾತ್ರ ಚಪ್ಪಲಿ ಬಿಡುವ ಮುಂಚೆಯೇ ಕೇಳುತ್ತಾರೆ: ‘ಹುಲಿ ತೋರಸ್ತೀರಿ ಹೌದಲ್ಲೋ?’ ಅವರದೇನೂ ತಪ್ಪಿಲ್ಲ. ಪೆಂಚ್, ತಾಡೋಬಾ, ಬೋರ್, ಉಮ್ರೇಡ್-ಕರಾಂಡ್ಲಾ, ನವೇಗಾಂವ್-ನಾಗಝಿರಾ ಎಂದು ಸುತ್ತಲೂ ಹುಲಿಕಾಡು ಇಟ್ಟುಕೊಂಡ ಊರು ತನ್ನನ್ನು ಹುಲಿಗಳ ರಾಜಧಾನಿ ಎಂದು ಕರೆದುಕೊಳ್ಳುತ್ತದೆ. ಆದರೆ ಹುಲಿಗೆ ನೆಂಟರ ವಾಪಸು ಟಿಕೆಟ್ಟಿನ ತಾರೀಖು ತಿಳಿದಿರುವುದಿಲ್ಲ. ನಸುಕಿನಲ್ಲಿ ಎದ್ದು, ಜಿಪ್ಸಿ ಹತ್ತಿ, ಧೂಳು ಕುಡಿದು, ಮಧ್ಯಾಹ್ನ ಮನೆಗೆ ಬಂದು ‘ಜಿಂಕೆ ಭಾಳ ಛಲೋ ಇದ್ದವು’ ಎನ್ನುವವರ ಮುಖ ನೋಡಲಾಗದು. ಅದಕ್ಕೇ ನಾನು ಕಲ್ಲು ತೋರಿಸುವ ಚಟ ಹಿಡಿಸಿಕೊಂಡೆ. ಕಲ್ಲು ಇದ್ದಲ್ಲೇ ಇರುತ್ತದೆ.

ಧಾರವಾಡದ ನಮ್ಮ ಸೋದರಮಾವನಿಗೆ ಮೊದಲು ತೋರಿಸಿದ್ದು ಜುನಾಪಾಣಿ. ಕಾಟೋಲ್ ರಸ್ತೆ ಹಿಡಿದು ಊರು ಮುಗಿದ ಮೇಲೆ ಸ್ವಲ್ಪವೇ ದೂರ. ಕುರುಚಲು, ಒಣ ಹುಲ್ಲು, ಅದರ ನಡುವೆ ಕಪ್ಪು ಗುಂಡುಕಲ್ಲುಗಳ ದುಂಡನೆಯ ಸುತ್ತು. ಒಂದೆರಡಲ್ಲ, ಮುನ್ನೂರರ ಸುಮಾರು. ಮಾವ ಸೊಂಟದ ಮೇಲೆ ಕೈಯಿಟ್ಟು ನೋಡಿದರು. ‘ಏ ತಮ್ಮಾ, ಯಾರೋ ಮನಿ ಕಟ್ಟಲಿಕ್ಕೆ ಕಲ್ಲು ಇಳಿಸಿ, ರೊಕ್ಕ ಸಾಲದ ಬಿಟ್ಟುಹೋದಂಗ ಅದಲ್ಲೋ!’

ಮನೆಯಲ್ಲ, ಗೋರಿಗಳು. ಕ್ರಿಸ್ತಪೂರ್ವ ಮೊದಲ ಸಹಸ್ರಮಾನದಲ್ಲಿ, ಕಬ್ಬಿಣ ಬಲ್ಲ ಜನ ತಮ್ಮ ಸತ್ತವರನ್ನು ಮಣ್ಣು ಮಾಡಿ, ಮಡಕೆ-ಆಯುಧ ಜೊತೆಗಿಟ್ಟು, ಕಲ್ಲುಮಣ್ಣು ತುಂಬಿ, ಸುತ್ತ ಗುಂಡು ನಿಲ್ಲಿಸಿದರು. ಇದನ್ನು ಅಗೆದು 1879ರಲ್ಲಿ ಬರೆದು ಪ್ರಕಟಿಸಿದವನು ರಿವೆಟ್-ಕಾರ್ನಾಕ್. ಸರ್ಕಾರ ಅವನನ್ನು ಇಟ್ಟುಕೊಂಡಿದ್ದು ಹತ್ತಿ ಕಮಿಷನರ್ ಕೆಲಸಕ್ಕೆ! ಹತ್ತಿ ನೋಡಲು ಹೊರಟವನು ಗೋರಿ ಅಗೆಯುವ ಆ ಕಾಲದ ಅಧಿಕಾರಿಗಳ ಬಿಡುವು ನನಗೆ ಹೊಟ್ಟೆಕಿಚ್ಚು ತರುತ್ತದೆ. ನಮ್ಮ ಕಡೆಯೂ ಸುರಪುರದ ಮೆಡೋಸ್ ಟೇಲರ್ ಹೀಗೆಯೇ ಆಡಳಿತದ ನಡುವೆ ಹಳೆಯ ಗೋರಿ ಕೆದಕಿದವನಲ್ಲವೇ? ಸ್ವಾತಂತ್ರ್ಯ ಬಂದ ಮೇಲೆ ಬಿ.ಕೆ. ಥಾಪರ್ ಜುನಾಪಾಣಿಯನ್ನು ಮತ್ತೆ ಅಗೆದರು. ಆಮೇಲೆ ಎಸ್.ಬಿ. ದೇವ್ ಮತ್ತು ಸಂಗಡಿಗರು ಟಾಕಳಘಾಟ್, ಮಾಹುರಝರಿ, ನಾಯಕುಂಡ ಎಂದು ನಾಗಪುರದ ಸುತ್ತಮುತ್ತ ಒಂದೊಂದೇ ಸುತ್ತನ್ನು ಬಿಚ್ಚಿದರು. ನಾಯಕುಂಡದಲ್ಲಿ ಕಬ್ಬಿಣ ಕರಗಿಸುವ ಕುಲುಮೆಯೇ ಸಿಕ್ಕಿತು. ಮಾಹುರಝರಿಯಲ್ಲಿ ಮನುಷ್ಯನ ಜೊತೆ ಕುದುರೆ, ಕುದುರೆಯ ಮುಖಕ್ಕೆ ತಾಮ್ರದ ಒಡವೆ. ಹೆಂಡತಿಗೆ ಏನು ಹಾಕಿದರೋ ತಿಳಿಯದು, ಕುದುರೆಗಂತೂ ಕಡಿಮೆ ಮಾಡಲಿಲ್ಲ.

ಕೆಲವು ಗುಂಡುಗಳ ಮೇಲೆ ಚಿಕ್ಕ ಚಿಕ್ಕ ಗುಳಿಗಳಿವೆ, ಸಾಲು ಹಿಡಿದು ಕೊರೆದವು. ರಿವೆಟ್-ಕಾರ್ನಾಕ್‌ಗೆ ಅವನ್ನು ಕಂಡು ಯುರೋಪಿನ ಬಂಡೆಗಳ ಗುಳಿ ನೆನಪಾಗಿ ತಲೆಕೆಟ್ಟಿತು. ಇತ್ತೀಚೆಗೆ ಖಗೋಳ ಬಲ್ಲವರು ಅವುಗಳ ದಿಕ್ಕು ಅಳೆದು ಸೂರ್ಯ-ನಕ್ಷತ್ರದ ಲೆಕ್ಕ ಹಾಕಿದ್ದಾರೆ. ಮಾವ ಬೆರಳಿಟ್ಟು ನೋಡಿ, ‘ಅಳಗುಳಿ ಮಣಿ’ ಎಂದು ತೀರ್ಪು ಕೊಟ್ಟರು. ಹೆಣದ ಹತ್ತಿರ ಕೂತವರಿಗೂ ಹೊತ್ತು ಹೋಗಬೇಕಲ್ಲ ಎಂಬುದು ಅವರ ವಾದ. ನಕ್ಕೆ. ಆದರೆ ಬಾಂಧವಗಢದ ಕಾಡಿನ ಸುದ್ದಿ ಓದಿದ ಮೇಲೆ ಅಷ್ಟು ಜೋರಾಗಿ ನಗಬಾರದಿತ್ತು ಅನ್ನಿಸಿತು. 2022ರಲ್ಲಿ ಪುರಾತತ್ವ ಸರ್ವೇಕ್ಷಣ ಇಲಾಖೆಯವರು ಆ ಹುಲಿಧಾಮದೊಳಗೆ ಸುತ್ತಿ ಇಪ್ಪತ್ತಾರು ಗುಹೆ, ಇಪ್ಪತ್ತಾರು ದೇಗುಲ ಪಟ್ಟಿ ಮಾಡಿದರು. ಒಂದು ಗುಹೆಯಲ್ಲಿ ಆಟದ ಮಣೆಯೂ ಇತ್ತು.

ಬಾಂಧವಗಢ ನಮಗೆ ಪಕ್ಕದ್ದಲ್ಲ. ಜಬಲ್ಪುರ ದಾಟಿ ಇನ್ನೂ ಮುಂದೆ. ಆದರೂ ಹುಲಿ ನಂಬಿ ನಾಗಪುರದಿಂದ ಹೋಗುವವರು ಬೇಕಾದಷ್ಟಿದ್ದಾರೆ. ಅಲ್ಲಿನ ಗುಹೆಗಳನ್ನು ಕೊರೆಸಿದವರಲ್ಲಿ ವ್ಯಾಪಾರಿಗಳೂ ಇದ್ದರೆಂದು ಬ್ರಾಹ್ಮೀ ಬರಹಗಳು ಹೇಳುತ್ತವೆ. ಕೌಶಾಂಬಿ, ಮಥುರೆಗಳ ಹೆಸರೂ ಬರುತ್ತದೆ. ಇಂದು ಜಿಪ್ಸಿಯಿಂದ ಕಾಲು ಕೆಳಗಿಟ್ಟರೆ ಗೈಡು ಗದರಿಸುವ ಆ ಕಾಡು ಸಾವಿರದ ಎಂಟುನೂರು ವರ್ಷದ ಹಿಂದೆ ಸರಕು ಹೇರಿದ ಜನ ನಡೆದುಹೋಗುತ್ತಿದ್ದ ಹಾದಿ. ‘ದಟ್ಟ ಕಾಡು, ಅನಾದಿ ಕಾಲದಿಂದ ಮನುಷ್ಯ ಮುಟ್ಟದ್ದು’ ಎಂದು ಪ್ರವಾಸದ ಕಾಗದಗಳಲ್ಲಿ ಅಚ್ಚು ಹಾಕುವವರನ್ನು ಒಮ್ಮೆ ಆ ಗುಹೆಯೊಳಗೆ ಕೂರಿಸಬೇಕು. ಕೋಟೆಬೆಟ್ಟದ ದಾರಿಯಲ್ಲಿ ಶೇಷಶಾಯಿ ವಿಷ್ಣು, ಬಂಡೆಯಲ್ಲೇ ಕಡಿದ ಮಹಾಕಾಯ. ಕಾಲಬುಡದಲ್ಲಿ ಚರಣಗಂಗೆಯ ನೀರು. ಹತ್ತನೇ ಶತಮಾನದ ಕೆಲಸ, ಕಳಚುರಿ ಅರಸು ಮೊದಲನೆಯ ಯುವರಾಜದೇವನ ಅಮಾತ್ಯ ಗೊಲ್ಲಾಕನ ಕಾಲದ್ದು. ಈ ಯುವರಾಜದೇವನ ಹೆಸರು ನೆನಪಿರಲಿ, ನಮಗೆ ಬೀಗನಾಗಬೇಕು.

ಬೀಗತನದ ಮಾತು ಬಂದರೆ ಮೊದಲು ರಾಮಟೇಕಿನ ಕಡೆ ತಿರುಗಬೇಕು. ಪೆಂಚಿಗೆ ಹೋಗುವ ಹೆದ್ದಾರಿಯ ಮಗ್ಗುಲಿಗೇ ಮನಸರ, ಸ್ವಲ್ಪ ಬಲಕ್ಕೆ ಹೊರಳಿದರೆ ರಾಮಟೇಕ್, ಅದರಾಚೆ ನಗರಧನ. ಜಿಪ್ಸಿ ಹಿಡಿಯುವ ಅವಸರದಲ್ಲಿ ಎಲ್ಲರೂ ಇವನ್ನು ಗಾಡಿಯ ಕಿಟಕಿಯಲ್ಲೇ ದಾಟಿಬಿಡುತ್ತಾರೆ. ನಗರಧನವೇ ವಾಕಾಟಕ ಅರಸರ ನಂದಿವರ್ಧನ. ಮನಸರವೇ ಅವರ ಪ್ರವರಪುರ ಎಂದು ಅಗೆದವರ ಅಭಿಪ್ರಾಯ. ಗಂಡ ಎರಡನೆಯ ರುದ್ರಸೇನ ತೀರಿಕೊಂಡ ಮೇಲೆ ಚಿಕ್ಕ ಮಕ್ಕಳ ಪರವಾಗಿ ರಾಜ್ಯ ಆಳಿದ ಪ್ರಭಾವತಿಗುಪ್ತೆಯ ಮಣ್ಣಿನ ಮುದ್ರೆ ಇತ್ತೀಚೆಗೆ ನಗರಧನದಲ್ಲೇ ಸಿಕ್ಕಿದೆ. ಆಕೆಯ ಮೊಮ್ಮಗ ನರೇಂದ್ರಸೇನ. ಅವನ ರಾಣಿ ಅಜ್ಝಿತಭಟ್ಟಾರಿಕೆ ಕುಂತಲದ ಅರಸನ ಮಗಳು ಎಂದು ಬಾಲಾಘಾಟದ ತಾಮ್ರಪಟದಲ್ಲಿದೆ. ಬನವಾಸಿಯ ಕದಂಬರ ಹುಡುಗಿ ಇರಬೇಕೆಂದು ಬಹಳ ಇತಿಹಾಸಕಾರರ ಊಹೆ. ಕಾಕುಸ್ಥವರ್ಮ ತನ್ನ ಹೆಣ್ಣುಮಕ್ಕಳನ್ನು ಗುಪ್ತರೇ ಮೊದಲಾದ ದೊಡ್ಡ ಮನೆಗಳಿಗೆ ಕೊಟ್ಟದ್ದನ್ನು ತಾಳಗುಂದದ ಕಂಬದಲ್ಲಿ ಕೊರೆಸಿಟ್ಟಿದ್ದಾರಲ್ಲ, ಊಹೆ ಗಾಳಿಯಲ್ಲಿ ಹುಟ್ಟಿದ್ದಲ್ಲ.

ಹೀಗಿರುವಾಗ ರಾಮಟೇಕಿನ ಗುಡ್ಡದ ಮೇಲೆ ‘ಕೇವಲ ನರಸಿಂಹ’ ಎಂಬ ದೇವರ ಎದುರು ನಿಂತು ನಾನು ಮೇಘದೂತದ ಮೋಡ ನೆನೆಯುವ ಬದಲು ಆ ಸೊಸೆಯನ್ನು ನೆನೆಯುತ್ತೇನೆ. ಬನವಾಸಿಯ ಮಳೆ ಬಿಟ್ಟು ಬಂದವಳಿಗೆ ಇಲ್ಲಿನ ಮೇ ತಿಂಗಳು ಹೇಗಾಗಿರಬೇಡ! ಈಗ ಕೂಲರ್ ಇರುವ ನಮಗೇ ನಲವತ್ತೈದು ಡಿಗ್ರಿಯಲ್ಲಿ ಜೀವ ಬಾಯಿಗೆ ಬರುತ್ತದೆ. ಅನ್ನಕ್ಕೆ ಮಾತ್ರ ಕೊರತೆ ಆಗಿರಲಿಕ್ಕಿಲ್ಲ, ಪಕ್ಕದ ಭಂಡಾರಾ ಭತ್ತದ ಸೀಮೆ. ಮಾತನಾಡಲು ತವರಿನಿಂದ ಒಬ್ಬಳಾದರೂ ದಾಸಿ ಬಂದಿದ್ದಳೇ? ಇದನ್ನು ಕೇಳಿ ಮಾವ, ‘ನಿನಗ ಅಕೀ ಚಿಂತಿ ಯಾಕ, ಅಕೀ ಸತ್ತು ಸಾವಿರದ ಐನೂರು ವರ್ಷಾತು’ ಎಂದರು. ಆದರೆ ಕೆಳಗಿಳಿಯುವ ಮೆಟ್ಟಿಲಲ್ಲಿ ತಾವೇ ನಿಂತು, ‘ಗಂಡನ ಮನೀಯವ್ರು ಛಲೋ ನೋಡ್ಕೊಂಡಿದ್ರಂತೇನು?’ ಎಂದು ಕೇಳಿದರು.

ಇನ್ನು ನಾಗಪುರದ ಹೆಸರೇ ಮೊದಲು ಕಾಣುವುದು ಕನ್ನಡನಾಡಿನ ಅರಸನ ಪಟದಲ್ಲಿ. ಪಕ್ಕದ ವರ್ಧಾ ಜಿಲ್ಲೆಯ ದೇವಳಿಯಲ್ಲಿ ಸಿಕ್ಕ ರಾಷ್ಟ್ರಕೂಟ ಮೂರನೆಯ ಕೃಷ್ಣನ ತಾಮ್ರಪಟ, ಕ್ರಿ.ಶ. 940ರದು. ನಾಗಪುರ-ನಂದಿವರ್ಧನ ಎಂಬ ವಿಷಯದಲ್ಲಿ, ಅಂದರೆ ಸೀಮೆಯಲ್ಲಿ, ಒಂದು ಹಳ್ಳಿಯನ್ನು ದಾನ ಕೊಟ್ಟ ಲೆಕ್ಕ. ಬಾಡಿಗೆ ಮನೆಯ ಮಾಲೀಕರು ‘ನೀವು ಹೊರಗಿನವರು’ ಎಂದಾಗಲೆಲ್ಲ ಈ ಪಟವನ್ನು ಜೇಬಿನಿಂದ ತೆಗೆದು ತೋರಿಸುವ ಆಸೆಯಾಗುತ್ತದೆ. ಇನ್ನೂ ಬಡಗಕ್ಕೆ, ಮೈಹರ ಕಡೆಯ ಜುರಾ ಎಂಬಲ್ಲಿ, ಇದೇ ಕೃಷ್ಣನ ಪ್ರಶಸ್ತಿ ಕಲ್ಲಿನ ಮೇಲೆ ಕನ್ನಡದಲ್ಲೇ ಇದೆ. ಅಲ್ಲಿನ ಜನರಲ್ಲಿ ಅದನ್ನು ಓದಬಲ್ಲವರು ಆಗಲೂ ಎಷ್ಟಿದ್ದರೋ. ಗೆದ್ದವನಿಗೆ ಓದುಗರ ಚಿಂತೆ ಇರುವುದಿಲ್ಲ.

ಗೆದ್ದದ್ದು ಯಾರನ್ನು ಎಂಬಲ್ಲಿ ಬಾಂಧವಗಢದ ಯುವರಾಜದೇವ ಮತ್ತೆ ಬರುತ್ತಾನೆ. ಅವನ ಮಗಳು ಕುಂದಕದೇವಿಯನ್ನು ತಂದುಕೊಂಡಿದ್ದವನು ಕೃಷ್ಣನ ತಂದೆ ಬದ್ದೆಗ. ತನ್ನ ತಾಯಿಗೂ ಹೆಂಡತಿಗೂ ಹಿರಿಯ ಬಂಧುವಾಗಿದ್ದವನನ್ನೇ ಕೃಷ್ಣ ಸೋಲಿಸಿದನೆಂದು ಅವನ ತಾಮ್ರಪಟದ ಕವಿ ಹೆಮ್ಮೆಯಿಂದ ಬರೆದಿದ್ದಾನೆ. ಶ್ಲೋಕ ಚೆನ್ನಾಗಿದೆಯಂತೆ. ತವರನ್ನು ಗೆದ್ದು ಬಂದ ದಿನ ಅರಮನೆಯ ಹೆಂಗಸರು ಅವನಿಗೆ ಊಟ ಬಡಿಸಿದರೋ ಇಲ್ಲವೋ, ಆ ಬಗ್ಗೆ ಕವಿ ಜಾಣತನದಿಂದ ಸುಮ್ಮನಿದ್ದಾನೆ.