ಸೋತವರ ಬಳಿ ನಿಂತ ಕ್ಯಾಮೆರಾ

ಮೇರಿಲಿನ್ ಅಗ್ರೆಲೋ ನಿರ್ದೇಶಿಸಿದ ‘ಮ್ಯಾಡ್ ಹಾಟ್ ಬಾಲ್‌ರೂಮ್’ (2005) ಸಾಕ್ಷ್ಯಚಿತ್ರವನ್ನು ದಂಪತಿಗಳಾದ ನಾವಿಬ್ಬರೂ ನೋಡಿದ್ದು ಒಂದು ಭಾನುವಾರ. ಹಿಂದಿನ ದಿನವಷ್ಟೇ ಇಲ್ಲಿ ಪುಣೆಯಲ್ಲಿ ರಾಜ್ಯೋತ್ಸವದ ಅಂಗವಾಗಿ ನಡೆದ ಮಕ್ಕಳ ಭಾಷಣ ಸ್ಪರ್ಧೆಗೆ ತೀರ್ಪುಗಾರರಾಗಿ ಕುಳಿತಿದ್ದೆವು. ಆ ಕಾರಣಕ್ಕೋ ಏನೋ, ಚಿತ್ರ ನಮ್ಮನ್ನು ನೆಮ್ಮದಿಯಾಗಿರಗೊಡಲಿಲ್ಲ.

ನ್ಯೂಯಾರ್ಕಿನ ಸರಕಾರಿ ಶಾಲೆಗಳಲ್ಲಿ ಐದನೆಯ ತರಗತಿಯ ಮಕ್ಕಳಿಗೆ ಹತ್ತು ವಾರ ಬಾಲ್‌ರೂಮ್ ನೃತ್ಯ ಕಲಿಸಿ, ಕೊನೆಗೆ ನಗರಮಟ್ಟದ ಸ್ಪರ್ಧೆ ನಡೆಸುತ್ತಾರೆ. ನರ್ತಕ ಪಿಯರ್ ಡುಲೇನ್ ಆರಂಭಿಸಿದ ಕಾರ್ಯಕ್ರಮವಿದು. ಅದರ ಬಗ್ಗೆ ಮೊದಲು ಪತ್ರಿಕಾ ಲೇಖನ ಬರೆದ ಏಮಿ ಸ್ಯೂವೆಲ್ ಅವರೇ ಅಗ್ರೆಲೋ ಜೊತೆಗೂಡಿ ಚಿತ್ರ ನಿರ್ಮಿಸಿದರು. (ಸಂಗೀತದ ಹಕ್ಕುಗಳಿಗಾಗಿ ಅವರು ಪಟ್ಟ ಪಾಡೇ ಒಂದು ಕಥೆ. ಚಿತ್ರದಲ್ಲಿ ಆರು ಸೆಕೆಂಡು ಕೇಳಿಸುವ ಮೊಬೈಲ್ ರಿಂಗ್‌ಟೋನಿಗೆ ಹಕ್ಕುದಾರರು ಮೊದಲು ಕೇಳಿದ್ದು 10,000 ಡಾಲರ್!)

ಚಿತ್ರದಲ್ಲಿರುವುದು ಮೂರು ಬಡಾವಣೆಗಳ ಮಕ್ಕಳು. ಹತ್ತು ಹನ್ನೊಂದರ ವಯಸ್ಸು. ಜೊತೆಗಾರರ ಕೈ ಹಿಡಿಯಲು, ಕಣ್ಣಲ್ಲಿ ಕಣ್ಣಿಡಲು ಮುಜುಗರ. ಮೆರೆಂಗೆ ಡೊಮಿನಿಕನ್ ಗಣರಾಜ್ಯದ ನೃತ್ಯ. ಅಲ್ಲಿಂದ ವಲಸೆ ಬಂದವರು ತುಂಬಿರುವ ವಾಷಿಂಗ್ಟನ್ ಹೈಟ್ಸ್‌ನ ಮಕ್ಕಳಿಗೆ ಅದು ಮನೆಯ ಸೊತ್ತು. ಫಾಕ್ಸ್‌ಟ್ರಾಟ್ ಮಾತ್ರ ಯಾರ ಮನೆಯದೂ ಅಲ್ಲ, ಎಲ್ಲರೂ ಕಲಿತೇ ತೀರಬೇಕು. ಕೊನೆಗೆ ಗೆಲ್ಲುವುದೂ ವಾಷಿಂಗ್ಟನ್ ಹೈಟ್ಸ್. ಆದರೆ ನಮ್ಮನ್ನು ಹಿಡಿದದ್ದು ಗೆಲುವಲ್ಲ. ಅನುಕೂಲಸ್ಥರ ಬಡಾವಣೆಯಾದ ಟ್ರೈಬೆಕಾದ ಮಕ್ಕಳು ನಡುವೆಯೇ ಹೊರಬೀಳುತ್ತಾರೆ; ಕ್ಯಾಮೆರಾ ಗೆದ್ದವರ ಹಿಂದೆ ಓಡದೆ ಈ ಪೆಚ್ಚು ಮುಖಗಳ ಬಳಿಯೂ ನಿಲ್ಲುತ್ತದೆ. ಮಕ್ಕಳು ಘನತೆಯುಳ್ಳವರಾಗಿ ಬೆಳೆಯುತ್ತಿರುವುದನ್ನು ಹೇಳುತ್ತ ಶಿಕ್ಷಕಿಯೊಬ್ಬರು ಅತ್ತುಬಿಡುವ ದೃಶ್ಯ ನಮ್ಮಲ್ಲೊಬ್ಬರಿಗೆ ಅತಿಯೆನಿಸಿತು, ಇನ್ನೊಬ್ಬರು ಕಣ್ಣೊರೆಸಿಕೊಂಡರು.

ನಮ್ಮ ಸ್ಪರ್ಧೆಯಲ್ಲಿ ಒಬ್ಬ ಹುಡುಗ ಅಜ್ಜನ ಊರಿನ ಕೆರೆಯ ಬಗ್ಗೆ ಮಾತನಾಡಿದ. ತಂದೆ ಕನ್ನಡಿಗರು, ತಾಯಿ ಮರಾಠಿಯವರು. ಪ್ರತಿಸಲವೂ ಅವನ ಬಾಯಲ್ಲಿ ‘ಕೆರೆ’ಯು ‘ಕೇರೆ’ಯಾಗುತ್ತಿತ್ತು. ಕೇರೆಹಾವಿನಲ್ಲಿ ಈಜುವ ಮಕ್ಕಳು, ಕೇರೆಹಾವಿನ ನೀರು ಕುಡಿಯುವ ದನಗಳು! ಸಭೆ ನಕ್ಕಿತು. ನಾವೂ ನಕ್ಕೆವು. ಉಚ್ಚಾರಣೆಗೆ 10ಕ್ಕೆ 3 ಕೊಟ್ಟೆವು. ವೇದಿಕೆಯಿಂದಿಳಿದವನ ಕೈಯಲ್ಲಿದ್ದ ಹಾಳೆ ಆಮೇಲೆ ಕಂಡಿತು: ಭಾಷಣವಿಡೀ ದೇವನಾಗರಿಯಲ್ಲಿತ್ತು. ಮರಾಠಿ ಬರೆಯುವ ಆ ಲಿಪಿಯಲ್ಲಿ ಹ್ರಸ್ವ ಎಕಾರಕ್ಕೆ ಬೇರೆ ಗುರುತೇ ಇಲ್ಲ. ಬರೆದಿದ್ದಂತೆಯೇ, ಒಂದಕ್ಷರವೂ ತಪ್ಪದೆ, ಅವನು ಓದಿದ್ದ. ಅಷ್ಟರಲ್ಲಿ ಅಂಕಪಟ್ಟಿ ನಮ್ಮ ಕೈಬಿಟ್ಟಿತ್ತು. ಬಹುಮಾನ ವಿತರಣೆಯಲ್ಲಿ, ಭಾಗವಹಿಸುವುದೇ ಮುಖ್ಯ ಎಂದು ಮೈಕಿನಲ್ಲಿ ಹೇಳಿದವರೂ ನಾವೇ.

ಚಿತ್ರ ಮುಗಿದ ಮೇಲೆ ಅವರ ಮನೆಗೆ ಫೋನು ಮಾಡಿದೆವು. ಹುಡುಗ ಆಡಲು ಹೋಗಿದ್ದಾನೆಂದು ತಾಯಿ ಮರಾಠಿಯಲ್ಲಿ ತಿಳಿಸಿದರು. ಮುಂದೇನು ಹೇಳಬೇಕೆಂದು ತೋಚದೆ, ಆ ಕೆರೆ ಯಾವ ಊರಿನದೆಂದು ಕೇಳಿದೆವು. ಅವರು ನಿಧಾನವಾಗಿ, ಅಕ್ಷರ ಅಕ್ಷರವಾಗಿ ಹೇಳಿದರು. ಬರೆದುಕೊಂಡೆವು.