ದೂತನ ದೋಷ

ತರ್ಕವನ್ನು ಓದಿದವನು ತರ್ಕದಲ್ಲಿ ಜಾರುವುದಿಲ್ಲವೆಂದು ಲೋಕವು ನಂಬುತ್ತದೆ. ಓದಿದವನಂತೂ ಇನ್ನೂ ಗಟ್ಟಿಯಾಗಿ ನಂಬುತ್ತಾನೆ. ನಾನು ಬಾಲ್ಯದಲ್ಲಿ ಅನ್ನಂಭಟ್ಟನ ತರ್ಕಸಂಗ್ರಹವನ್ನು ಕಂಠಪಾಠ ಮಾಡಿದವನು; 34 ವರ್ಷ ಕಾಲ ಪ್ರೌಢಶಾಲೆಯ ಮಕ್ಕಳಿಗೆ ಸಂಸ್ಕೃತವನ್ನು ಹೇಳಿಕೊಟ್ಟು, ಎರಡು ವರ್ಷದ ಹಿಂದೆ ವಿಶ್ರಾಂತಿಯನ್ನು ಪಡೆದವನು. ಹೊಗೆ ಕಂಡಲ್ಲಿ ಬೆಂಕಿಯುಂಟೆಂಬ ಅನುಮಾನವನ್ನು ಎಷ್ಟು ಸಲ ಕರಿಹಲಗೆಯ ಮೇಲೆ ಬರೆದೆನೋ ಲೆಕ್ಕವಿಲ್ಲ. ಇಂಥ ನನ್ನನ್ನು, ಬೆಂಕಿಪೆಟ್ಟಿಗೆಯಷ್ಟೂ ಉದ್ದವಿಲ್ಲದ ಒಂದು ಕರಿಯ ಡಬ್ಬಿಯು ಹದಿನೈದು ದಿನ ಕುಣಿಸಿತು. ಆ ಸಂಗತಿಯನ್ನು ವಾಚಕರಲ್ಲಿ ಅರಿಕೆ ಮಾಡುತ್ತೇನೆ. ಹಳೆಯ ಕಾರನ್ನಿಟ್ಟುಕೊಂಡ ಗೃಹಸ್ಥರಿಗೆ ಅದರಿಂದ ಸ್ವಲ್ಪ ಹಣ ಉಳಿದೀತು. ಕಾರಿಲ್ಲದವರಿಗೂ ಬೇರೊಂದು ಬಗೆಯ ಪ್ರಯೋಜನವಾದೀತು.

ನಮ್ಮದು 2004ರಲ್ಲಿ ತಯಾರಾದ ಪೆಟ್ರೋಲಿನ ಸಣ್ಣ ಕಾರು. ಅದಕ್ಕೂ ನನ್ನ ಮೊಣಕಾಲಿಗೂ ಸರಿಸುಮಾರಾಗಿ ಒಂದೇ ವಯೋಧರ್ಮ. ನಂಜನಗೂಡಿನಿಂದ ಮೈಸೂರಿಗೆ, ಮೈಸೂರಿನಿಂದ ನಂಜನಗೂಡಿಗೆ: ಇಷ್ಟೇ ಅದರ ದಿಗ್ವಿಜಯ. ಕಾರ್ತಿಕದ ಒಂದು ಬೆಳಿಗ್ಗೆ ನಾದಿನಿಯ ಮನೆಯ ಸೀಮಂತಕ್ಕೆಂದು ನಾನೂ ನನ್ನ ಮನೆಯವಳೂ ಸಿದ್ಧರಾಗಿ ಕುಳಿತು ಬೀಗದ ಕೈಯನ್ನು ತಿರುಗಿಸಿದರೆ, ಎದುರಿನ ಕೆಂಪು ಹಳದಿ ದೀಪಗಳೆಲ್ಲ ಬೆಳಗಿದುವು. ಇಂಜಿನ್ನು ಮಾತ್ರ ಮೌನವ್ರತವನ್ನು ಹಿಡಿದಿದ್ದಿತು. ಅಂದು ಬಸ್ಸಿನಲ್ಲಿ ಹೋಗಿ ಬಂದೆವು.

ಮರುದಿನ ಸಲಹೆಗಾರರು ನೆರೆದರು. ಎದುರು ಮನೆಯವರು ಬ್ಯಾಟರಿಯನ್ನು ಬದಲಾಯಿಸಬೇಕೆಂದರು. ಅವರ ಅಳಿಯಂದಿರು ಸ್ಟಾರ್ಟರ್ ಮೋಟಾರೇ ಹೋಗಿದೆಯೆಂದೂ, ಆರು ಸಾವಿರಕ್ಕೆ ಕಡಮೆಯಾಗದೆಂದೂ ತೀರ್ಪು ಕೊಟ್ಟರು. ಬೆಂಗಳೂರಿನಲ್ಲಿರುವ ನನ್ನ ಮಗನು ದೂರವಾಣಿಯಲ್ಲಿ, “ಅಪ್ಪ, ಈ ವಯಸ್ಸಿನಲ್ಲಿ ನಿಮಗೆ ಆ ಗುಜರಿ ಯಾಕೆ? ಮಾರಿಬಿಡಿ” ಎಂದನು. ಹಳೆಯದಾಯಿತೆಂಬುದೇ ಅಪರಾಧವಾದರೆ ಮುಂದಿನ ಸರದಿ ಯಾರದೆಂದು ನನಗೆ ಒಳಗೊಳಗೇ ಹಟವುಂಟಾಯಿತು. ದೋಷವನ್ನು ನಾನೇ ಕಂಡುಹಿಡಿಯುವೆನೆಂದು ನಿಶ್ಚಯಿಸಿದೆನು.

ಮೊದಲನೆಯ ಹೆಜ್ಜೆಗಳನ್ನು ಸರಿಯಾಗಿಯೇ ಇಟ್ಟೆನೆಂದು ಹೇಳಬಲ್ಲೆ. ಬ್ಯಾಟರಿ ಸೋತಿದ್ದರೆ ಕೈಯನ್ನು ತಿರುಗಿಸಿದೊಡನೆ ದೀಪಗಳು ಮಂಕಾಗಬೇಕು. ನಮ್ಮಲ್ಲಿ ದೀಪವೂ ಕುಗ್ಗಲಿಲ್ಲ, ಹಾರನ್ನಿನ ಕಂಠವೂ ಕುಗ್ಗಲಿಲ್ಲ. ಅಳತೆಯ ಉಪಕರಣವನ್ನಿಟ್ಟು ನೋಡಿದರೆ 12.5 ವೋಲ್ಟು ತೋರಿತು. ತುಂಬಿದ ಬ್ಯಾಟರಿಗೆ 12.6ರಷ್ಟಿರಬೇಕು. ಅದರ ಕೊಂಬುಗಳಿಗೆ ಹಿಡಿದಿದ್ದ ಬೆಳ್ಳನೆಯ ಹೂವನ್ನು ಸೋಡಾಪುಡಿಯ ನೀರಿನಿಂದ ತೊಳೆದು ಬಿಗಿಗೊಳಿಸಿದೆನು. ಪ್ರಯೋಜನವಾಗಲಿಲ್ಲ. ಬೀದಿಯ ಹುಡುಗರು ಎರಡನೆಯ ಗೇರಿನಲ್ಲಿ ತಳ್ಳಿಕೊಟ್ಟಾಗ ಇಂಜಿನ್ನು ಒಡನೆಯೇ ಹೊತ್ತಿಕೊಂಡಿತು. ಎಂದಮೇಲೆ ಪೆಟ್ರೋಲಿನದಾಗಲಿ ಕಿಡಿಯದಾಗಲಿ ದೋಷವಿಲ್ಲ. ಇಂಜಿನ್ನನ್ನು ಎಬ್ಬಿಸುವವನೇ ಏಳುತ್ತಿಲ್ಲವೆಂಬಷ್ಟು ಸಿದ್ಧವಾಯಿತು.

ಈ ಎಬ್ಬಿಸುವ ಕ್ರಮವನ್ನು ಸ್ವಲ್ಪ ವಿವರಿಸಬೇಕು. ಹಿಂದಿನ ಕಾಲದಲ್ಲಿ ಕಾರಿನ ಮುಂದೆ ನಿಂತು ಕಬ್ಬಿಣದ ಹಿಡಿಯನ್ನು ತಿರುವಬೇಕಾಗಿದ್ದಿತು. ಇಂಜಿನ್ನು ಹಿಂದಕ್ಕೊದೆದು ಮಣಿಕಟ್ಟನ್ನು ಮುರಿದುಕೊಂಡವರು ಅನೇಕರು. ಅಮೆರಿಕದ ಚಾರ್ಲ್ಸ್ ಕೆಟರಿಂಗ್ ಎಂಬಾತನು ರೂಪಿಸಿದ ವಿದ್ಯುತ್ ಸ್ಟಾರ್ಟರು 1912ರ ಕ್ಯಾಡಿಲ್ಯಾಕ್ ಕಾರುಗಳಲ್ಲಿ ಬಂದ ಮೇಲೆ ಆ ಕಷ್ಟವು ಕ್ರಮಕ್ರಮವಾಗಿ ತಪ್ಪಿತು. ಆದರೆ ಈ ಮೋಟಾರು ಹೊಟ್ಟೆಬಾಕ. ಸಣ್ಣ ಕಾರಿನಲ್ಲಿಯೂ 100 ಆಂಪಿಯರಿನ ಆಸುಪಾಸು ವಿದ್ಯುತ್ತನ್ನು ಸೆಳೆಯುತ್ತದೆ. ಬೀಗದ ಕೈ ತಿರುಗುವ ಸ್ವಿಚ್ಚಿನ ತೆಳ್ಳನೆಯ ತಂತಿಯಲ್ಲಿ ಅಷ್ಟನ್ನು ಹರಿಸಿದರೆ ತಂತಿಯೇ ಬೆಂದುಹೋದೀತು. ಆದುದರಿಂದ ನಡುವೆ ದೂತರನ್ನಿರಿಸಿದ್ದಾರೆ. ಸ್ವಿಚ್ಚು ಒಂದು ಆಂಪಿಯರಿನ ಅಲ್ಪಭಾಗವನ್ನು ರಿಲೇಗೆ ಕಳುಹಿಸುತ್ತದೆ. ರಿಲೇ ಅದಕ್ಕಿಂತ ಹೆಚ್ಚಿನದನ್ನು ಸೊಲೆನಾಯ್ಡಿಗೆ ಬಿಡುತ್ತದೆ. ಸೊಲೆನಾಯ್ಡು ಮಹಾಪ್ರವಾಹವನ್ನು ಮೋಟಾರಿಗೆ ತೆರೆಯುತ್ತದೆ.

ರಿಲೇ ಎಂಬ ಇಂಗ್ಲಿಷ್ ಶಬ್ದಕ್ಕೆ, ದೂರದ ಪಯಣದಲ್ಲಿ ದಣಿದ ಕುದುರೆಯನ್ನು ಬಿಚ್ಚಿ ಹೊಸದನ್ನು ಹೂಡುವುದೆಂಬುದು ಹಳೆಯ ಅರ್ಥ. ನಮಗೆ ಇದು ಅಪರಿಚಿತವಾದ ಕಲ್ಪನೆಯಲ್ಲ. ಚಿಕ್ಕದೇವರಾಜ ಒಡೆಯರು 1672ರಲ್ಲಿ ಏರ್ಪಡಿಸಿ, 1889ರಲ್ಲಿ ಬ್ರಿಟಿಷ್ ಇಂಡಿಯದ ಅಂಚೆಯೊಡನೆ ಕೂಡಿಹೋದ ಮೈಸೂರು ಅಂಚೆಯೂ ಕೈಯಿಂದ ಕೈಗೆ ಓಡಿದ ವ್ಯವಸ್ಥೆಯೇ. ಓಲೆ ಬರೆದವನೂ ಕ್ಷೇಮ, ಓಲೆ ಸೇರಬೇಕಾದವನೂ ಕ್ಷೇಮ. ನಡುವಿನ ಓಟಗಾರನೊಬ್ಬನು ಮರದ ನೆರಳಿನಲ್ಲಿ ಮಲಗಿಬಿಟ್ಟರೆ ಇಬ್ಬರೂ ಒಬ್ಬರನ್ನೊಬ್ಬರು ಬೈದುಕೊಳ್ಳುವುದಷ್ಟೇ ಉಳಿಯುತ್ತದೆ.

ರಿಲೇಗೆ ಸಾಮಾನ್ಯವಾಗಿ ನಾಲ್ಕು ಕಾಲುಗಳು. ಅವುಗಳಿಗೆ 85, 86, 30, 87 ಎಂಬ ಅಂಕಿಗಳನ್ನು ಕೊಡುವುದು ವಾಡಿಕೆ. ಮೊದಲಿನ ಎರಡರ ನಡುವೆ ಸಣ್ಣ ತಂತಿಯ ಸುರುಳಿಯುಂಟು. ಆಜ್ಞೆ ಬಂದೊಡನೆ ಸುರುಳಿಯು ಅಯಸ್ಕಾಂತವಾಗಿ ಕಬ್ಬಿಣದ ನಾಲಗೆಯೊಂದನ್ನು ಸೆಳೆಯುತ್ತದೆ. ಆ ನಾಲಗೆಯು ಕಡೆಯ ಎರಡು ಕಾಲುಗಳನ್ನು ಕೂಡಿಸುತ್ತದೆ. ಆಗ ‘ಟಿಕ್’ ಎಂಬ ಸಣ್ಣ ಸದ್ದಾಗುತ್ತದೆ. ಈ ಟಿಕ್ಕೇ ಪರೀಕ್ಷಕನಿಗೆ ಲಿಂಗ, ಎಂದರೆ ಗುರುತು. ಟಿಕ್ಕೆನ್ನದಿದ್ದರೆ ಆಜ್ಞೆ ಬರುತ್ತಿಲ್ಲ, ಅಥವಾ ಸುರುಳಿ ಕಡಿದಿದೆ. ಟಿಕ್ಕೆಂದೂ ಮೋಟಾರು ತಿರುಗದಿದ್ದರೆ, ನಾಲಗೆಯ ತುದಿ ಸುಟ್ಟಿದೆ, ಅಥವಾ ದೋಷವು ಇನ್ನೂ ಮುಂದಿದೆ.

ಇಷ್ಟನ್ನು ಓದಿ ತಿಳಿದು, ಬಾನೆಟ್ಟನ್ನು ಎತ್ತಿ ನಿಲ್ಲಿಸಿ, ಒಳಗೆ ಕುಳಿತು ಹತ್ತು ಸಲ ಕೈಯನ್ನು ತಿರುಗಿಸಿದೆನು. ಕಿವಿಗೊಟ್ಟು ಕೇಳಿದೆನು. ಟಿಕ್ಕಿಲ್ಲ. ಸುರುಳಿ ಕಡಿಯುವುದು ಅಪರೂಪ. ಆದುದರಿಂದ ಆಜ್ಞೆಯೇ ಬರುತ್ತಿಲ್ಲ. ಆದುದರಿಂದ ದೋಷವು ಸ್ವಿಚ್ಚಿನದು. ಮೆಕ್ಯಾನಿಕ್ಕನು ಬಂದು, “ಮೇಷ್ಟ್ರೇ, ಮೊದಲು ರಿಲೇ ನೋಡಿಬಿಡೋಣ” ಎಂದನು. ನಾನು ಅವನಿಗೆ ಮೇಲಿನ ಅನುಮಾನವಾಕ್ಯವನ್ನು ಹಂತಹಂತವಾಗಿ ಒಪ್ಪಿಸಿದೆನು. ಪಾಪ, ಅವನು ವಯಸ್ಸಿಗೆ ಮರ್ಯಾದೆ ಕೊಟ್ಟು ಸುಮ್ಮನಾದನು. ಸಾವಿರಕ್ಕೂ ಮೇಲೆ ವೆಚ್ಚ ಮಾಡಿ ಹೊಸ ಸ್ವಿಚ್ಚು ಹಾಕಿಸಿದೆನು. ಕಾರು ಹೊರಟಿತು! ಮೂರು ದಿನ ನಾನು ಬೀದಿಯಲ್ಲಿ ತಲೆಯೆತ್ತಿ ನಡೆದೆನು. ನಾಲ್ಕನೆಯ ದಿನ ದೇವಸ್ಥಾನದ ಮುಂದೆ ಅದು ಮತ್ತೆ ಮೌನ ತಾಳಿತು.

ಕಾಗೆ ಬಂದು ಕುಳಿತುದಕ್ಕೂ ತಾಳೆಯ ಹಣ್ಣು ಬಿದ್ದುದಕ್ಕೂ ಸಂಬಂಧವಿಲ್ಲವೆಂಬ ಕಾಕತಾಳೀಯನ್ಯಾಯವನ್ನು ನಾನೇ ಮಕ್ಕಳಿಗೆ ಹೇಳಿಕೊಟ್ಟಿದ್ದೆನು. ಆಗಾಗ ಕಾಣಿಸಿಕೊಂಡು ಆಗಾಗ ಅಡಗುವ ದೋಷಕ್ಕೆ ಯಾವ ಔಷಧ ಹಾಕಿದರೂ ಎರಡು ದಿನ ವಾಸಿಯಾದಂತೆ ತೋರುತ್ತದೆ.

ಮರುದಿನ ಬೆಳಿಗ್ಗೆ ನಾನು ಮತ್ತೆ ಕಾರಿನಲ್ಲಿ ಕುಳಿತು ಕೈ ತಿರುಗಿಸುತ್ತಿದ್ದಾಗ ನನ್ನ ಮನೆಯವಳು ಹೂ ಬಿಡಿಸಲು ಅಂಗಳಕ್ಕೆ ಬಂದಳು. ಒಂದು ಕ್ಷಣ ನಿಂತು, ಬಾನೆಟ್ಟಿನ ಕಡೆ ಕಿವಿಯಿಟ್ಟು, “ಇದೇನು ಹಲ್ಲಿ ನುಡಿದ ಹಾಗೆ ಟಿಕ್ ಟಿಕ್ ಅನ್ನುತ್ತಿದೆ?” ಎಂದಳು.

“ಎಲ್ಲಿ? ಏನೂ ಅನ್ನುತ್ತಿಲ್ಲ.”

“ಅಯ್ಯೋ, ನೀವು ತಿರುಗಿಸಿದಾಗಲೆಲ್ಲ ಅನ್ನುತ್ತಿದೆಯಲ್ಲ. ನಿಮಗೆ ಕೇಳಿಸುತ್ತಿಲ್ಲವೇ?”

ನಾನು ಇಳಿದು ಅವಳನ್ನು ಚಾಲಕನ ಸ್ಥಾನದಲ್ಲಿ ಕುಳ್ಳಿರಿಸಿ ಆ ಕರಿಯ ಡಬ್ಬಿಯ ಮೇಲೆ ಬೆರಳಿಟ್ಟೆನು. ಅವಳು ತಿರುಗಿಸಿದಳು. ಬೆರಳಿನ ಕೆಳಗೆ ಅದು ಮಿಡಿಯಿತು. ಮತ್ತೆ ತಿರುಗಿಸಿದಳು; ಮತ್ತೆ ಮಿಡಿಯಿತು. ಬೆರಳಿಗೆ ತಿಳಿಯುತ್ತಿದ್ದುದು ಒಂದು ಮೊಳ ದೂರದಲ್ಲಿದ್ದ ಕಿವಿಗೆ ತಿಳಿಯಲಿಲ್ಲ.

ಮುಂದಿನದು ಬಾಲಬೋಧೆಯಷ್ಟು ಸುಲಭ. ಆಜ್ಞೆ ಬರುತ್ತಿದೆ, ಸುರುಳಿ ನೆಟ್ಟಗಿದೆ. ಸಂಶಯವು ನಾಲಗೆಯ ಮೇಲೆ. ಪೆಟ್ಟಿಗೆಯ ಮುಚ್ಚಳದ ಒಳಗಿದ್ದ ಚಿತ್ರವನ್ನು ನೋಡಿದರೆ ಹಾರನ್ನಿಗೂ ಅದೇ ಜಾತಿಯ ರಿಲೇ ಇದ್ದಿತು. ಗೇರನ್ನು ತಟಸ್ಥದಲ್ಲಿರಿಸಿ, ಕೈಬ್ರೇಕನ್ನೆಳೆದು, ಬೀಗದ ಕೈಯನ್ನು ಹೊರತೆಗೆದು, ಎರಡನ್ನೂ ನೆಟ್ಟಗೆ ಮೇಲಕ್ಕೆ ಕಿತ್ತು, ಅದರ ಸ್ಥಾನದಲ್ಲಿ ಇದನ್ನೂ ಇದರ ಸ್ಥಾನದಲ್ಲಿ ಅದನ್ನೂ ಕೂರಿಸಿದೆನು. ಇಂಜಿನ್ನು ಒಡನೆಯೇ ಎದ್ದಿತು. ಹಾರನ್ನನ್ನು ಒತ್ತಿದೆನು, ಹಾರನ್ನು ಮೂಕವಾಗಿದ್ದಿತು. ರಿಲೇ ಹೋದೆಡೆಗೆ ದೋಷವೂ ಹೋಯಿತು, ಬಿಟ್ಟೆಡೆಯನ್ನು ದೋಷವೂ ಬಿಟ್ಟಿತು. ಅನ್ವಯವ್ಯತಿರೇಕಗಳು ಇದಕ್ಕಿಂತ ಸ್ಪಷ್ಟವಾಗಿ ಒದಗಿದುದನ್ನು ನಾನು ಕಂಡಿಲ್ಲ. ಒಂದು ಎಚ್ಚರಿಕೆ: ಕಾಲುಗಳ ಜೋಡಣೆಯೂ ಆಂಪಿಯರಿನ ಅಂಕಿಯೂ ಒಂದೇ ಆಗಿದ್ದಲ್ಲದೆ ಹೀಗೆ ಅದಲುಬದಲು ಮಾಡಬಾರದು.

ಹಳೆಯ ರಿಲೇಯ ಕವಚವನ್ನು ಬಿಡಿಸಿ ನೋಡಿದೆನು. ನಾಲಗೆಯ ತುದಿಯು ಕಪ್ಪಾಗಿ ಹಳ್ಳಬಿದ್ದಿದ್ದಿತು. ಕೂಡುವಾಗಲೂ ಅಗಲುವಾಗಲೂ ಹಾರುವ ಕಿರುಗಿಡಿಗಳು ವರ್ಷಗಟ್ಟಲೆ ಅದನ್ನು ತಿಂದಿದ್ದುವು. ಉಜ್ಜಿದರೆ ಕೆಲವು ದಿನ ನಡೆದೀತು; ಆದರೆ ಮೇಲಿನ ಒಳ್ಳೆಯ ಲೋಹವೂ ಉಜ್ಜಿನೊಡನೆ ಹೋಗುವುದರಿಂದ ಹೊಸದನ್ನು ಹಾಕುವುದೇ ಲೇಸು. 200 ರೂಪಾಯಿಯೊಳಗೆ ಹೊಸದು ದೊರಕಿತು. ಆರು ಸಾವಿರದ ಮೋಟಾರು ನಿರಪರಾಧಿ. ನಾನು ಬಿಸುಟ ಸ್ವಿಚ್ಚೂ ನಿರಪರಾಧಿ.

ಕಾರಿನ ಕಥೆ ಇಲ್ಲಿಗೆ ಮುಗಿಯಿತು. ಆದರೆ ನನ್ನ ಮನಸ್ಸು ಅಲ್ಲಿಗೆ ನಿಲ್ಲಲಿಲ್ಲ. ಕಾಮಾಲೆಯ ಕಣ್ಣಿಗೆ ಶಂಖವು ಹಳದಿಯಾಗಿ ಕಾಣುವುದೆಂಬುದು ನಮ್ಮ ಶಾಸ್ತ್ರಕಾರರ ಹಳೆಯ ದೃಷ್ಟಾಂತ. ನನ್ನ ಅನುಮಾನವಾಕ್ಯದಲ್ಲಿ ಲೋಪವಿರಲಿಲ್ಲ. ‘ಟಿಕ್ಕಿಲ್ಲ’ ಎಂಬ ಪ್ರತ್ಯಕ್ಷವೇ ಸುಳ್ಳಾಗಿದ್ದಿತು. ಎಲ್ಲ ದೂತರನ್ನೂ ಪರೀಕ್ಷಿಸಿದ ನಾನು, ನನಗೆ ಸುದ್ದಿ ತರುವ ದೂತನನ್ನು ಪರೀಕ್ಷಿಸಿರಲಿಲ್ಲ.

ಒಂದೂವರೆ ವರ್ಷದಿಂದ ಮನೆಯವಳು, “ನಿಮಗೆ ಕಿವಿ ಮಂದವಾಗಿದೆ, ತೋರಿಸಿಕೊಳ್ಳಿ” ಎನ್ನುತ್ತಿದ್ದಳು. “ನೀನು ಗೊಣಗುವುದನ್ನು ಬಿಟ್ಟು ಬಾಯಿಬಿಟ್ಟು ಮಾತನಾಡು” ಎಂದು ನಾನು ಗದರುತ್ತಿದ್ದೆನು. ಈಗ ಅವಳೊಡನೆ ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಗೆ ಹೋದೆನು. ಹೊಸ ರಿಲೇಯ ಕಾರಿನಲ್ಲಿಯೇ ಹೋದೆವು. ಅಲ್ಲಿ ಪರೀಕ್ಷಿಸಿದವರು ನಕ್ಷೆಯನ್ನು ಮುಂದಿಟ್ಟು ವಿವರಿಸಿದರು. ವಯಸ್ಸು ಕಿವಿಯನ್ನು ಒಮ್ಮೆಗೇ ಮುಚ್ಚುವುದಿಲ್ಲವಂತೆ. ಮೊದಲು ಮೇಲಿನ ಸ್ಥಾಯಿಯ ಸಣ್ಣ ಸದ್ದುಗಳನ್ನು ಕದಿಯುತ್ತದೆಯಂತೆ. ಇಂಜಿನ್ನಿನ ಗುಡುಗು ಕೇಳಿಸುತ್ತದೆ, ಟಿಕ್ಕು ಕೇಳಿಸುವುದಿಲ್ಲ. ಸ್ವರಗಳು ಕೇಳಿಸುತ್ತವೆ, ಕ, ತ, ಪ, ಸ ಮುಂತಾದ ಅಘೋಷ ವ್ಯಂಜನಗಳು ಜಾರಿಹೋಗುತ್ತವೆ. ಆದುದರಿಂದ ಎದುರಿನವರು ಏನೋ ಹೇಳಿದರೆಂದು ತಿಳಿಯುತ್ತದೆ, ಏನು ಹೇಳಿದರೆಂದು ತಿಳಿಯುವುದಿಲ್ಲ. ಅವರು ಗೊಣಗುತ್ತಿದ್ದಾರೆಂದು ತೋರುತ್ತದೆ.

ಇದನ್ನು ಕೇಳುತ್ತಿದ್ದಾಗಲೇ ನನಗೆ ಒಬ್ಬ ಹುಡುಗನ ನೆನಪಾಯಿತು. ನನ್ನ ಸೇವೆಯ ಕಡೆಯ ವರ್ಷ, ಒಂಬತ್ತನೆಯ ತರಗತಿ. ಹಿಂದಿನ ಬೆಂಚಿನ ಸಾಧುಸ್ವಭಾವದ ಹುಡುಗ. ಪಿತೃಶಬ್ದದ ಷಷ್ಠೀ ಏಕವಚನವನ್ನು ಕೇಳಿದೆನು. ತುಟಿ ಅಲುಗಿದಂತೆ ಕಂಡಿತು. ಮತ್ತೆ ಕೇಳಿದೆನು, ಮತ್ತೆ ಅಷ್ಟೇ. “ಗೊಣಗಬೇಡ, ಬಾರದಿದ್ದರೆ ಬಾರದೆನ್ನು” ಎಂದೆನು. ಪಕ್ಕದವನು, “ಹೇಳಿದ ಸಾರ್” ಎಂದನು. ಗೆಳೆಯನನ್ನು ಕಾಯುವುದಕ್ಕೆ ಸುಳ್ಳಾಡಿದೆಯೆಂದು ಅವನನ್ನೂ ಸೇರಿಸಿ ಇಬ್ಬರನ್ನೂ ಗಂಟೆ ಮುಗಿಯುವವರೆಗೆ ನಿಲ್ಲಿಸಿದೆನು. ಆ ಹುಡುಗನು ಅನಂತರ ವರ್ಷವೆಲ್ಲ ನನ್ನ ತರಗತಿಯಲ್ಲಿ ಬಾಯಿಬಿಡಲಿಲ್ಲ. ಮಂದಬುದ್ಧಿಯೆಂದು ನಾನು ತೀರ್ಮಾನಿಸಿಬಿಟ್ಟೆನು.

ನಾನು ಕೇಳಿದ ಪ್ರಶ್ನೆಗೆ ಉತ್ತರ ‘ಪಿತುಃ’. ಪಕಾರ, ತಕಾರ, ಕಡೆಯಲ್ಲಿ ವಿಸರ್ಗ. ಮೂರರಲ್ಲಿ ಒಂದಕ್ಕೂ ಘೋಷವಿಲ್ಲ.

ಅವನು ಅಂದು ಸರಿಯಾಗಿಯೇ ಹೇಳಿದನೆಂದು ಸಾಧಿಸಲು ನನ್ನ ಬಳಿ ಪ್ರಮಾಣವಿಲ್ಲ. ಸಾಕ್ಷಿಯೊಬ್ಬನಿದ್ದನು, ಅವನನ್ನೂ ನಾನೇ ಶಿಕ್ಷಿಸಿದ್ದೆನು. ಕಾರಿನ ಸ್ವಿಚ್ಚನ್ನು ಸುಮ್ಮನೆ ಬಿಸುಟುದಕ್ಕೆ ಸಾವಿರ ರೂಪಾಯಿ ತೆತ್ತೆನು. ಇದಕ್ಕೆ ಏನು ತೆರಬೇಕೋ ತಿಳಿಯದು.

ಹೋದ ವಾರ ಅವನ ತಂದೆಯ ಅಂಗಡಿಗೆ ಹೋಗಿ ವಿಚಾರಿಸಿದೆನು. ಹುಡುಗನು ಮೈಸೂರಿನ ವಿದ್ಯಾರ್ಥಿನಿಲಯದಲ್ಲಿದ್ದುಕೊಂಡು ಪಿ.ಯು. ಓದುತ್ತಿದ್ದಾನೆ. ತಂದೆಯು ದೂರವಾಣಿಯ ಸಂಖ್ಯೆಯನ್ನು ಬರೆದುಕೊಟ್ಟರು. ನಾನು ಇನ್ನೂ ಮಾತನಾಡಿಲ್ಲ. ಅವನು ಮೊದಲಿನಂತೆ ಮೆಲ್ಲನೆ ನುಡಿದರೆ ಮತ್ತೆ ಕೇಳದೆ ಹೋದೀತೆಂಬ ಭಯ. ಕಿವಿಯ ಯಂತ್ರವು ಬರುವ ವಾರ ಕೈಸೇರುತ್ತದೆ. ಅದನ್ನು ಹಾಕಿಕೊಂಡು, ಮನೆಯವಳನ್ನೂ ಕರೆದುಕೊಂಡು, ಕಾರಿನಲ್ಲಿ ಹೋಗಿ ಅವನನ್ನು ಮುಖತಃ ಕಾಣಬೇಕೆಂದಿದ್ದೇನೆ. ಅವನು ಏನೆನ್ನುವನೋ ಕಾಣೆ. ಏನೆಂದರೂ ಈ ಸಲ ಕೇಳಿಸಿಕೊಳ್ಳಬೇಕು.